ಷಾಕಾ ಹಿಸ್ಲಾಪ್ ಅವರ ಸರದಿ

2006ರ ವಿಶ್ವಕಪ್‌ನಲ್ಲಿ ಟ್ರಿನಿಡಾಡ್ ಅಂಡ್ ಟೊಬೇಗೊ ತಂಡ ಸ್ವೀಡನ್ ವಿರುದ್ಧ ಒಂದೂ ಗೋಲು ಬಿಟ್ಟುಕೊಡದೆ ಡ್ರಾ ಮಾಡಿಕೊಂಡ ಪಂದ್ಯದ ತುಣುಕುಗಳನ್ನು ನಾನು ಈಗಲೂ ಆಗಾಗ ಹಾಕಿಕೊಂಡು ನೋಡುವುದುಂಟು. ಯಾರು ಜೋಡಿಸಿದ ತುಣುಕಾದರೂ ಅದು ರೆಫ್ರಿಯ ಸೀಟಿಯಿಂದಲೇ ಆರಂಭವಾಗುತ್ತದೆ. ಸ್ವೀಡನ್ನಿನವರು ಮುನ್ನುಗ್ಗುತ್ತಾರೆ, ಎತ್ತರದ ಗೋಲ್‌ಕೀಪರ್ ಎಡಕ್ಕೂ ಬಲಕ್ಕೂ ಬಿದ್ದು ಚೆಂಡು ತಡೆಯುತ್ತಾರೆ, ಕೊನೆಯಲ್ಲಿ ಕೆಂಪು ಅಂಗಿಯವರು ಗೆದ್ದವರಂತೆ ಅಪ್ಪಿಕೊಳ್ಳುತ್ತಾರೆ. ನನಗೆ ನೋಡಬೇಕೆನಿಸುವುದು ಅದಕ್ಕೂ ಮುಂಚಿನ ಅರ್ಧ ಗಂಟೆ. ಆ ಹೊತ್ತಿನಲ್ಲಿ ಕೆಲ್ವಿನ್ ಜ್ಯಾಕ್ ಎಂಬ ಇನ್ನೊಬ್ಬ ಗೋಲ್‌ಕೀಪರ್ ಆಟಕ್ಕೆ ಮೈ ಬೆಚ್ಚಗೆ ಮಾಡಿಕೊಳ್ಳುತ್ತಿದ್ದಾಗ ಮೀನಖಂಡ ಹಿಡಿದುಕೊಂಡಿತು. ಅಂದು ಗೋಲಿನಲ್ಲಿ ನಿಲ್ಲಬೇಕಿದ್ದವರು ಅವರು. ತಂಡವನ್ನು ವಿಶ್ವಕಪ್‌ಗೆ ತಂದವರಲ್ಲಿ ಅವರೂ ಒಬ್ಬರು. ಅವರ ಬದಲಿಗೆ, 37 ವರ್ಷದ ಷಾಕಾ ಹಿಸ್ಲಾಪ್ ಕೆಲವೇ ನಿಮಿಷಗಳ ಸೂಚನೆಯ ಮೇಲೆ ಅಂಗಳಕ್ಕೆ ಇಳಿದರು.

ಪಂದ್ಯದ ದಿನ ಶನಿವಾರ. ನಮ್ಮಲ್ಲಿ ರಾತ್ರಿ ಒಂಬತ್ತೂವರೆಗೆ ಆಟ ಶುರುವಾಗಿತ್ತು. ಬಾಡಿಗೆ ಕೋಣೆಯೊಂದರಲ್ಲಿ ನಾವು ನಾಲ್ಕೈದು ಮಂದಿ ಗೆಳೆಯರು ಸಣ್ಣ ಟಿವಿಯ ಮುಂದೆ ಕುಳಿತಿದ್ದೆವು. ಗೋಲ್‌ಕೀಪರ್ ಬದಲಾದ ಸಂಗತಿ ವೀಕ್ಷಕ ವಿವರಣೆಯಿಂದಲೇ ನಮಗೆ ತಿಳಿದದ್ದು. ಪಂದ್ಯ ಮುಗಿದಾಗ ಗೆಳೆಯನೊಬ್ಬ, ‘ಹಣೆಬರಹ ಅಂದ್ರೆ ಇದಪ್ಪಾ, ಬೆಂಚ್ ಮೇಲೆ ಕೂತಿದ್ದೋನು ಹೀರೋ ಆದ’ ಎಂದ. ಉಳಿದವರು ತಲೆಯಾಡಿಸಿದರು. ಆ ಮಾತು ಅಂದಿನಿಂದಲೂ ನನಗೆ ಸರಿಯೆನಿಸಿಲ್ಲ. ಹಿಸ್ಲಾಪ್ ಅವರ ವೃತ್ತಿಜೀವನವನ್ನು ಮೊದಲಿನಿಂದ ಓದಿಕೊಂಡು ಬಂದರೆ, ಪಂದ್ಯ ನಡೆದ ಜರ್ಮನಿಯ ಡಾರ್ಟ್‌ಮಂಡ್‌ನ ಆ ಸಂಜೆ ಅಪವಾದವಾಗಿ ಕಾಣುವುದಿಲ್ಲ. ಅವರ ವೃತ್ತಿ ನಡೆದುಕೊಂಡು ಬಂದದ್ದೇ ಹಾಗೆ. ಮುಂದೆ ನಿಂತವರು ಬಿದ್ದಾಗ ಇವರಿಗೆ ಜಾಗ ಸಿಕ್ಕಿದೆ, ಇವರು ಬಿದ್ದಾಗ ಇನ್ನೊಬ್ಬರಿಗೆ ಸಿಕ್ಕಿದೆ. ಇದನ್ನು ಅದೃಷ್ಟವೆಂದು ಕರೆದು ಸುಮ್ಮನಾಗುವುದು ಸುಲಭ, ಆದರೆ ಗೋಲ್‌ಕೀಪರನ ಕೆಲಸದ ಬಹುಪಾಲು ಆ ಮಾತಿನೊಳಗೆ ಸೇರುವುದೇ ಇಲ್ಲ.

ಒಂದೇ ಜಾಗ

ಹನ್ನೊಂದು ಮಂದಿಯ ತಂಡದಲ್ಲಿ ಹತ್ತು ಜಾಗಗಳಿಗೆ ಹೇಗಾದರೂ ಹೊಂದಾಣಿಕೆ ಸಾಧ್ಯ. ಬಲಬದಿಯ ಡಿಫೆಂಡರ್ ಎಡಕ್ಕೆ ಹೋಗಬಹುದು, ಫಾರ್ವರ್ಡ್ ಆಟಗಾರನನ್ನು ಹಿಂದಕ್ಕೆ ಕರೆಯಬಹುದು, ಕೊನೆಯ ಇಪ್ಪತ್ತು ನಿಮಿಷಕ್ಕೆ ಹೊಸಬನನ್ನು ಇಳಿಸಿ ಹೇಗೆ ಆಡುತ್ತಾನೆಂದು ನೋಡಬಹುದು. ಗೋಲ್‌ಕೀಪರನಿಗೆ ಈ ಯಾವ ಸೌಲಭ್ಯವೂ ಇಲ್ಲ. ಜಾಗ ಒಂದೇ, ಅದನ್ನು ಹಿಡಿದವನು ಗಾಯಗೊಳ್ಳಬೇಕು, ಕೆಂಪು ಕಾರ್ಡ್ ಪಡೆಯಬೇಕು ಅಥವಾ ಸಾಲಾಗಿ ತಪ್ಪು ಮಾಡಬೇಕು. ಅಲ್ಲಿಯವರೆಗೆ ಎರಡನೆಯವನು ಕಾಯುತ್ತಲೇ ಇರಬೇಕು. ಹಾಗೆ ಕಾಯುವಾಗ ಅವನು ಮಾಡುವ ಮುಖ್ಯ ಕೆಲಸವೆಂದರೆ ತನ್ನ ಜಾಗ ಹಿಡಿದಿರುವವನಿಗೇ ಪಂದ್ಯಕ್ಕೆ ಮುಂಚೆ ಚೆಂಡು ಒದ್ದು ಒದ್ದು ಅಭ್ಯಾಸ ಮಾಡಿಸುವುದು.

ಕಾಲೇಜಿನಲ್ಲಿ ನಾನು ಎರಡನೆಯ ಗೋಲ್‌ಕೀಪರ್ ಆಗಿದ್ದೆ. ನಮ್ಮದೇನೂ ಹೇಳಿಕೊಳ್ಳುವಂಥ ತಂಡವಲ್ಲ. ಆದರೂ ಅಂತರ ಕಾಲೇಜು ಪಂದ್ಯವೊಂದರ ಒಂದು ಕ್ಷಣ ಈಗಲೂ ಕಣ್ಣಿಗೆ ಕಟ್ಟಿದಂತಿದೆ. ಮಳೆ ಬಂದು ನಿಂತಿತ್ತು, ಗೋಲಿನ ಮುಂದೆ ಹುಲ್ಲು ಹೋಗಿ ಕೆಸರಾಗಿತ್ತು. ನಮ್ಮ ಮೊದಲ ಕೀಪರ್, ನನಗಿಂತ ಒಂದು ವರ್ಷ ಸೀನಿಯರ್, ಕಾರ್ನರ್ ಕಿಕ್ ಒಂದನ್ನು ಹಿಡಿಯಲು ಹಾರಿ, ಯಾರದೋ ಮೊಣಕಾಲಿಗೆ ಪಕ್ಕೆ ತಗುಲಿ ಬಿದ್ದ. ಏಳಲು ತಡಮಾಡಿದ. ತಂಡದವರೆಲ್ಲ ಅವನ ಕಡೆ ಓಡಿದರು. ಬೆಂಚಿನ ಕೆಳಗಿದ್ದ ಗ್ಲೌಸಿನ ಕಡೆಗೆ ನನ್ನ ಕೈ ತಾನಾಗಿ ಹೋಗಿತ್ತು. ಒಂದು ಗ್ಲೌಸಿನ ಪಟ್ಟಿಯನ್ನು ಬಿಗಿದೂ ಆಗಿತ್ತು. ಅಷ್ಟರಲ್ಲಿ ಅವನು ಎದ್ದ. ಮಣಿಕಟ್ಟಿನ ಪಟ್ಟಿಯನ್ನು ಸದ್ದಾಗದಂತೆ ಬಿಡಿಸುವುದು ಬಹಳ ಕಷ್ಟ. ಪಕ್ಕದಲ್ಲಿ ಕುಳಿತಿದ್ದ ಕೋಚ್ ನನ್ನ ಕಡೆ ನೋಡಿ ನಕ್ಕರು. ಅದು ಬೈಗುಳದ ನಗು ಆಗಿರಲಿಲ್ಲ. ಅವರೂ ಒಂದು ಕಾಲದಲ್ಲಿ ಕೀಪರ್ ಆಗಿದ್ದವರು.

ಕರ್ನಾಟಕದ ಓದುಗರಿಗೆ ಇಂಥ ಕಾಯುವಿಕೆಯನ್ನು ಬಿಡಿಸಿ ಹೇಳಬೇಕಾಗಿಲ್ಲ. ನಮ್ಮ ಸೈಯದ್ ಕಿರ್ಮಾನಿ 1971ರಲ್ಲಿ ಮತ್ತು 1974ರಲ್ಲಿ ಇಂಗ್ಲೆಂಡ್ ಪ್ರವಾಸಕ್ಕೆ ಹೋಗಿ ಒಂದೂ ಟೆಸ್ಟ್ ಆಡದೆ ಹಿಂದಿರುಗಿದರು. ಮೊದಲ ವಿಕೆಟ್‌ಕೀಪರ್ ಫಾರೂಕ್ ಎಂಜಿನಿಯರ್ ಅವರ ಕಾಲ ಮುಗಿದು, 1976ರಲ್ಲಿ ನ್ಯೂಜಿಲೆಂಡ್‌ನಲ್ಲಿ ಅವಕಾಶ ದೊರೆತಾಗ, ಎರಡನೆಯ ಟೆಸ್ಟ್‌ನಲ್ಲೇ ಒಂದು ಇನಿಂಗ್ಸ್‌ನಲ್ಲಿ ಆರು ಮಂದಿಯನ್ನು ಔಟ್ ಮಾಡುವಲ್ಲಿ ಕೈಯಾಡಿಸಿ ವಿಶ್ವದಾಖಲೆಯನ್ನು ಸರಿಗಟ್ಟಿದರು. ಅದೇ ವರ್ಷದ ಏಪ್ರಿಲ್‌ನಲ್ಲಿ ಟ್ರಿನಿಡಾಡ್‌ನ ಪೋರ್ಟ್ ಆಫ್ ಸ್ಪೇನ್‌ನಲ್ಲಿ ಭಾರತ 400ಕ್ಕೂ ಹೆಚ್ಚು ರನ್ ಬೆನ್ನಟ್ಟಿ ಗೆದ್ದಾಗ, ಗುಂಡಪ್ಪ ವಿಶ್ವನಾಥ್ 112 ಹೊಡೆದಾಗ, ವಿಕೆಟ್ ಹಿಂದೆ ನಿಂತಿದ್ದವರೂ ಕಿರ್ಮಾನಿಯೇ. ನಮ್ಮ ಹಿರಿಯರಿಗೆ ಟ್ರಿನಿಡಾಡ್ ಎಂದರೆ ಅಲ್ಲಿನ ಕ್ರಿಕೆಟ್ ಮೈದಾನ ಕ್ವೀನ್ಸ್ ಪಾರ್ಕ್ ಓವಲ್. ಆ ಊರಿನಲ್ಲಿ ಫುಟ್‌ಬಾಲ್ ಹುಚ್ಚು ಎಷ್ಟಿದೆಯೆಂಬುದು ನಮ್ಮವರ ಗಮನಕ್ಕೆ ಬಂದದ್ದು ಬಹಳ ತಡವಾಗಿ.

ದ್ವೀಪದಿಂದ ಹೊರಗೆ

ನೀಲ್ ಷಾಕಾ ಹಿಸ್ಲಾಪ್ 1969ರಲ್ಲಿ ಹುಟ್ಟಿದ್ದು ಲಂಡನ್ನಿನ ಹ್ಯಾಕ್ನಿಯಲ್ಲಿ. ತಂದೆ ತಾಯಿ ಟ್ರಿನಿಡಾಡ್‌ನವರು. ಮಗು ಇನ್ನೂ ಚಿಕ್ಕದಿರುವಾಗಲೇ ಕುಟುಂಬ ದ್ವೀಪಕ್ಕೆ ಮರಳಿತು. ಪೋರ್ಟ್ ಆಫ್ ಸ್ಪೇನ್‌ನ ಸೇಂಟ್ ಮೇರೀಸ್ ಕಾಲೇಜಿನಲ್ಲಿ ಶಾಲಾ ವಿದ್ಯಾಭ್ಯಾಸ. ಅಲ್ಲಿ ಫುಟ್‌ಬಾಲ್ ಚೆನ್ನಾಗಿ ಆಡುವ ಹುಡುಗನಿಗೆ ಆಗ ಊರಿನಲ್ಲೇ ನಿಂತು ಹೊಟ್ಟೆ ಹೊರೆಯುವಂಥ ವೃತ್ತಿಪರ ಲೀಗ್ ಇರಲಿಲ್ಲ. ದ್ವೀಪದ ವಿಸ್ತೀರ್ಣ ನಮ್ಮ ಕೊಡಗಿಗಿಂತ ಸ್ವಲ್ಪ ಹೆಚ್ಚು, ಎರಡೂ ದ್ವೀಪಗಳನ್ನು ಸೇರಿಸಿದರೆ ಜನಸಂಖ್ಯೆ ಸುಮಾರು 13 ಲಕ್ಷ. ಆಟ ಗೊತ್ತಿದ್ದವರು ಅಮೆರಿಕದ ವಿಶ್ವವಿದ್ಯಾಲಯಗಳ ವಿದ್ಯಾರ್ಥಿವೇತನ ಹಿಡಿದು ಹೊರಡುತ್ತಿದ್ದರು. ಹಿಸ್ಲಾಪ್ ಕೂಡ ಹಾಗೆಯೇ ವಾಷಿಂಗ್ಟನ್‌ನ ಹೊವಾರ್ಡ್ ವಿಶ್ವವಿದ್ಯಾಲಯಕ್ಕೆ ಹೋಗಿ ಮೆಕ್ಯಾನಿಕಲ್ ಎಂಜಿನಿಯರಿಂಗ್ ಓದಿದರು. ನಾಸಾದಲ್ಲಿ ತರಬೇತಿಯನ್ನೂ ಪಡೆದರು. ಆಟ ಕೈಕೊಟ್ಟಿದ್ದರೆ ಬದುಕಲು ಅವರಿಗೆ ಬೇರೆ ದಾರಿ ಇತ್ತೆಂಬುದನ್ನು ಮರೆಯಬಾರದು. ಗೋಲ್‌ಕೀಪರನಾಗಿ ಇಂಗ್ಲೆಂಡಿನ ಕೆಳ ದರ್ಜೆಯ ಲೀಗ್‌ನಲ್ಲಿ ಬೆಂಚು ಕಾಯುವುದನ್ನು ಒಬ್ಬ ಎಂಜಿನಿಯರ್ ತಾನಾಗಿ ಆರಿಸಿಕೊಂಡರು.

ಅವರು ಹೊವಾರ್ಡ್‌ನಲ್ಲಿ ಓದುತ್ತಿದ್ದ ಕಾಲದಲ್ಲೇ, 1989ರ ನವೆಂಬರ್ 19ರಂದು, ದ್ವೀಪದ ಫುಟ್‌ಬಾಲ್ ಇತಿಹಾಸದ ಅತಿ ನೋವಿನ ಸಂಜೆ ಬಂತು. ಇಟಲಿಯ ವಿಶ್ವಕಪ್‌ಗೆ ಹೋಗಲು ಟ್ರಿನಿಡಾಡ್‌ಗೆ ತವರಿನಲ್ಲಿ ಅಮೆರಿಕದ ವಿರುದ್ಧ ಒಂದು ಡ್ರಾ ಸಾಕಿತ್ತು. ಕ್ರೀಡಾಂಗಣದ ತುಂಬ ಕೆಂಪು ಬಟ್ಟೆಯ ಜನ. ಮೊದಲಾರ್ಧದಲ್ಲಿ ಅಮೆರಿಕದ ಪಾಲ್ ಕ್ಯಾಲಿಜೂರಿ ದೂರದಿಂದ ಎಡಗಾಲಿನಲ್ಲಿ ಎತ್ತಿ ಹೊಡೆದ ಚೆಂಡು ಬಾಗಿ ಇಳಿದು ಗೋಲಿನೊಳಗೆ ಹೋಯಿತು. ಗೋಲಿನಲ್ಲಿದ್ದವರು ಮೈಕಲ್ ಮಾರಿಸ್. ಇಳಿಬಿಸಿಲು ಅವರ ಕಣ್ಣಿಗೆ ಹೊಡೆಯುತ್ತಿತ್ತೆಂದು ಇಂದಿಗೂ ಹೇಳಲಾಗುತ್ತದೆ. ಪಂದ್ಯ 0–1ರಲ್ಲಿ ಮುಗಿಯಿತು. ಆ ತಂಡದಲ್ಲಿ ಆಡಿದ ಯುವಕರಾದ ಡ್ವೈಟ್ ಯಾರ್ಕ್ ಮತ್ತು ರಸೆಲ್ ಲಟಾಪಿ ಹದಿನಾರು ವರ್ಷಗಳ ನಂತರ ಮತ್ತೆ ಅದೇ ಕನಸಿನ ಬೆನ್ನು ಹತ್ತಿದರು, ಅದನ್ನು ಪಡೆದರು. ಮಾರಿಸ್ ಅವರಿಗೆ ಆ ಎರಡನೆಯ ಅವಕಾಶ ಬರಲಿಲ್ಲ. ಇಡೀ ಅಭಿಯಾನದಲ್ಲಿ ಆತ ತಡೆದ ಚೆಂಡುಗಳನ್ನು ಯಾರೂ ಎಣಿಸುವುದಿಲ್ಲ. ಕೈಗೆ ಸಿಗದ ಆ ಒಂದು ಚೆಂಡು ಮಾತ್ರ ಎಲ್ಲರ ನೆನಪಿನಲ್ಲಿದೆ.

ಮುಂದೆ ನಿಂತವರು, ಹಿಂದೆ ನಿಂತವರು

ಅಮೆರಿಕದಲ್ಲಿ ಬಾಲ್ಟಿಮೋರ್ ಬ್ಲಾಸ್ಟ್ ಎಂಬ ಒಳಾಂಗಣ ಫುಟ್‌ಬಾಲ್ ತಂಡದಲ್ಲಿ ಕೆಲಕಾಲ ಇದ್ದು, 1992ರಲ್ಲಿ ಹಿಸ್ಲಾಪ್ ಇಂಗ್ಲೆಂಡಿನ ರೆಡಿಂಗ್ ಸೇರಿದರು. ಆಗ ಅವರಿಗೆ 23 ವರ್ಷ. ಇಂಗ್ಲೆಂಡಿನ ಹುಡುಗರು ಹದಿನಾರಕ್ಕೇ ಕ್ಲಬ್‌ಗಳ ಒಳಗಿರುತ್ತಾರೆ. ರೆಡಿಂಗ್‌ನಲ್ಲಿ ಸ್ಟೀವ್ ಫ್ರಾನ್ಸಿಸ್ ಎಂಬ ನೆಲೆಯೂರಿದ ಕೀಪರ್ ಇದ್ದರು. ಅವರು ಬೇರೆ ಕ್ಲಬ್‌ಗೆ ಹೋದ ಮೇಲೆ ಜಾಗ ಇವರದಾಯಿತು, ಮುಂದಿನ ವರ್ಷವೇ ರೆಡಿಂಗ್ ತನ್ನ ದರ್ಜೆಯಲ್ಲಿ ಮೊದಲ ಸ್ಥಾನ ಪಡೆದು ಮೇಲೇರಿತು. 1995ರಲ್ಲಿ ಪ್ರೀಮಿಯರ್ ಲೀಗ್‌ನ ಹೊಸ್ತಿಲಿಗೂ ಬಂತು. ಎರಡನೆಯ ಸ್ಥಾನ ಪಡೆದರೂ ನೇರ ಬಡ್ತಿ ಸಿಗಲಿಲ್ಲ, ಏಕೆಂದರೆ ಆ ವರ್ಷ ಮೇಲಿನ ಲೀಗ್‌ನ ತಂಡಗಳನ್ನು 20ಕ್ಕೆ ಇಳಿಸುತ್ತಿದ್ದರು. ವೆಂಬ್ಲಿಯ ಪ್ಲೇಆಫ್ ಫೈನಲ್‌ನಲ್ಲಿ ಬೋಲ್ಟನ್ ವಿರುದ್ಧ 2–0 ಮುಂದಿದ್ದು, ಒಂದು ಪೆನಾಲ್ಟಿಯನ್ನೂ ಕಳೆದುಕೊಂಡು, ಕೊನೆಗೆ ಹೆಚ್ಚುವರಿ ಅವಧಿಯಲ್ಲಿ 3–4ರಿಂದ ರೆಡಿಂಗ್ ಸೋತಿತು. ನಾಲ್ಕು ಗೋಲು ಬಿಟ್ಟ ಕೀಪರ್‌ನನ್ನು ಅದೇ ಬೇಸಿಗೆಯಲ್ಲಿ ನ್ಯೂಕ್ಯಾಸಲ್ ಮ್ಯಾನೇಜರ್ ಕೆವಿನ್ ಕೀಗನ್ ಸುಮಾರು 15 ಲಕ್ಷ ಪೌಂಡ್ ಕೊಟ್ಟು ತಮ್ಮ ತಂಡಕ್ಕೆ ಕರೆದುಕೊಂಡರು. ಕೀಗನ್ ಅವರನ್ನು ನಾನು ಮೆಚ್ಚುವ ಹಲವು ಕಾರಣಗಳಲ್ಲಿ ಇದೂ ಒಂದು.

ನ್ಯೂಕ್ಯಾಸಲ್‌ನ ಆ ವರ್ಷವನ್ನು ಫುಟ್‌ಬಾಲ್ ಬಲ್ಲವರಿಗೆ ನೆನಪಿಸಬೇಕಿಲ್ಲ. ದೊಡ್ಡ ಅಂತರದಿಂದ ಮುಂದಿದ್ದ ತಂಡ ಕೊನೆಯಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್‌ಗೆ ಪ್ರಶಸ್ತಿಯನ್ನು ಬಿಟ್ಟುಕೊಟ್ಟಿತು. ಋತುವಿನ ಆರಂಭದಲ್ಲಿ ಹಿಸ್ಲಾಪ್ ಮೊದಲ ಕೀಪರ್. ನಡುವೆ ಗಾಯವಾಯಿತು, ಜೆಕ್ ದೇಶದ ಪಾವೆಲ್ ಸ್ರ್ನಿಚೆಕ್ ಜಾಗಕ್ಕೆ ಬಂದರು. ಇವರು ಗುಣವಾದರೂ ಅವರು ಉಳಿದುಕೊಂಡರು. ಆನ್‌ಫೀಲ್ಡ್‌ನಲ್ಲಿ ಲಿವರ್‌ಪೂಲ್ 4–3ರಿಂದ ಗೆದ್ದ ಆ ಪ್ರಖ್ಯಾತ ರಾತ್ರಿ ಗೋಲಿನಲ್ಲಿದ್ದವರು ಸ್ರ್ನಿಚೆಕ್. ಆ ಸೋಲಿನ ತುಣುಕುಗಳಲ್ಲಿ ಹಿಸ್ಲಾಪ್ ಇಲ್ಲ, ಮುಂದಿನ ಋತುವಿನಲ್ಲಿ, 1996ರ ಅಕ್ಟೋಬರ್‌ನಲ್ಲಿ, ಯುನೈಟೆಡ್ಡನ್ನು 5–0ರಿಂದ ಬಗ್ಗುಬಡಿದ ಸಂಭ್ರಮದ ಗೋಲಿನಲ್ಲೂ ಇಲ್ಲ. ಇಬ್ಬರೂ ಒಬ್ಬರಿಗೊಬ್ಬರು ಅಭ್ಯಾಸ ಮಾಡಿಸುತ್ತ, ಸರದಿ ಬದಲಿಸಿಕೊಳ್ಳುತ್ತ ಕಳೆದ ವರ್ಷಗಳವು.

1998ರಲ್ಲಿ ವೆಸ್ಟ್ ಹ್ಯಾಮ್ ಸೇರಿದ ಮೇಲೆ ಅವರ ಅತ್ಯುತ್ತಮ ದಿನಗಳು ಬಂದವು. ಮೊದಲ ಋತುವಿನಲ್ಲೇ ತಂಡ ಐದನೆಯ ಸ್ಥಾನ ಪಡೆಯಿತು, ಅಭಿಮಾನಿಗಳು ಅವರನ್ನು ವರ್ಷದ ಆಟಗಾರನಾಗಿ ಆರಿಸಿದರು. 2001ರ ಜನವರಿಯಲ್ಲಿ ಓಲ್ಡ್ ಟ್ರ್ಯಾಫರ್ಡ್‌ನಲ್ಲಿ ನಡೆದ ಎಫ್‌ಎ ಕಪ್ ಪಂದ್ಯ ಅನೇಕರಿಗೆ ನೆನಪಿರಬಹುದು. ವೆಸ್ಟ್ ಹ್ಯಾಮ್‌ನ ಪಾವ್ಲೊ ಡಿ ಕ್ಯಾನಿಯೊ ಚೆಂಡಿನೊಂದಿಗೆ ಒಂಟಿಯಾಗಿ ನುಗ್ಗಿ ಬಂದಾಗ ಯುನೈಟೆಡ್ ಕೀಪರ್ ಫಾಬಿಯನ್ ಬಾರ್ತೇಜ್, ಆಫ್‌ಸೈಡ್ ಎಂದು ಸೂಚಿಸುತ್ತ, ಕೈ ಮೇಲೆತ್ತಿ ಕಂಬದಂತೆ ನಿಂತುಬಿಟ್ಟರು. ಡಿ ಕ್ಯಾನಿಯೊ ಲೆಕ್ಕಿಸದೆ ಗೋಲು ಹೊಡೆದರು. ಎಲ್ಲರಿಗೂ ನೆನಪಿರುವುದು ಎತ್ತಿದ ಆ ಕೈ. ಅಂಗಳದ ಇನ್ನೊಂದು ತುದಿಯಲ್ಲಿ ಪಂದ್ಯವಿಡೀ ಗೋಲು ಬಿಡದೆ ನಿಂತಿದ್ದ ಹಿಸ್ಲಾಪ್ ಅವರ ಚಿತ್ರ ಎಲ್ಲಿಯೂ ಕಾಣಸಿಗುವುದಿಲ್ಲ. ಆದರೂ ಅದೇ ವರ್ಷ ಕ್ಲಬ್, ಇಂಗ್ಲೆಂಡಿನ ಕೀಪರ್ ಡೇವಿಡ್ ಜೇಮ್ಸ್ ಅವರನ್ನು ಕೊಂಡಿತು. ಋತು ಶುರುವಾಗುವಷ್ಟರಲ್ಲಿ ಜೇಮ್ಸ್ ಇಂಗ್ಲೆಂಡ್ ಪರ ಆಡುವಾಗ ತಮ್ಮದೇ ತಂಡದವರಿಗೆ ಡಿಕ್ಕಿ ಹೊಡೆದು ಗಾಯಗೊಂಡರು, ಹಿಸ್ಲಾಪ್ ಮತ್ತೆ ಗೋಲಿಗೆ ಬಂದರು. ಜೇಮ್ಸ್ ಗುಣವಾಗಿ ಬಂದೊಡನೆ ಮತ್ತೆ ಬೆಂಚು. ಬೇಸರಪಟ್ಟು ಬಿಟ್ಟುಬಿಡಬಹುದಾಗಿದ್ದ ಆ ಹೊತ್ತಿನಲ್ಲಿ ಅವರು ಒಂದು ದರ್ಜೆ ಕೆಳಗಿಳಿದು ಪೋರ್ಟ್ಸ್‌ಮತ್‌ಗೆ ಹೋದರು, ಆ ವರ್ಷದ 46 ಲೀಗ್ ಪಂದ್ಯಗಳನ್ನೂ ಆಡಿದರು, ತಂಡ ಪ್ರಥಮ ಸ್ಥಾನದೊಂದಿಗೆ ಪ್ರೀಮಿಯರ್ ಲೀಗ್‌ಗೆ ಏರಿತು.

2005ರಲ್ಲಿ ಮತ್ತೆ ವೆಸ್ಟ್ ಹ್ಯಾಮ್‌ಗೆ ಬಂದಾಗ ಮೊದಲ ಕೀಪರ್ ರಾಯ್ ಕ್ಯಾರಲ್. ಕ್ಯಾರಲ್ ಅವರಿಗೆ ಬೆನ್ನುನೋವು ಬಂತು. ಹಿಸ್ಲಾಪ್ ಒಳಗೆ ಬಂದರು. ಹಾಗೆ ಬಂದವರು 2006ರ ಮೇ 13ರಂದು ಕಾರ್ಡಿಫ್‌ನಲ್ಲಿ ಎಫ್‌ಎ ಕಪ್ ಫೈನಲ್ ಆಡಿದರು. 3–2 ಮುಂದಿದ್ದ ವೆಸ್ಟ್ ಹ್ಯಾಮ್‌ಗೆ ಪಂದ್ಯ ಮುಗಿಯುವ ಕ್ಷಣಗಳಲ್ಲಿ ಲಿವರ್‌ಪೂಲ್‌ನ ಸ್ಟೀವನ್ ಜೆರಾರ್ಡ್ ಬಹು ದೂರದಿಂದ ಹೊಡೆದ ಗೋಲು ಕಪ್ಪನ್ನು ಕೈಯಿಂದ ಕಸಿಯಿತು. ಪೆನಾಲ್ಟಿಗಳಲ್ಲಿ ಹಿಸ್ಲಾಪ್ ಸಾಮಿ ಹ್ಯೂಪಿಯಾ ಅವರ ಹೊಡೆತವನ್ನು ತಡೆದರು. ಎದುರಿನ ಪೆಪೆ ರೇನಾ ಮೂರನ್ನು ತಡೆದರು. ಇಪ್ಪತ್ತೆಂಟು ದಿನಗಳ ನಂತರ ಡಾರ್ಟ್‌ಮಂಡ್.

ಈ ಸಾಲನ್ನು ಓದಿದವರಿಗೆ, ಒಬ್ಬರ ಬೆನ್ನು, ಇನ್ನೊಬ್ಬರ ಮಂಡಿ, ಮತ್ತೊಬ್ಬರ ಮೀನಖಂಡ ಹೀಗೆ ಬೇರೆಯವರ ಮೈನೋವಿನ ಮೇಲೆಯೇ ಹಿಸ್ಲಾಪ್ ಅವರ ಜೀವನ ನಡೆಯಿತೆಂದು ಅನಿಸಬಹುದು. ಆದರೆ ಪ್ರತಿಸಲವೂ ಜಾಗ ತೆರೆದಾಗ ಅವರು ಆಡಲು ಸಿದ್ಧರಿದ್ದರು ಎಂಬುದನ್ನು ಲೆಕ್ಕಕ್ಕೆ ತೆಗೆದುಕೊಳ್ಳಲೇಬೇಕು. ಆಡದ ವಾರಗಳಲ್ಲಿ ಆಡುವ ವಾರದ ಮೈಕಟ್ಟನ್ನು ಕಾಯ್ದುಕೊಳ್ಳುವುದು ಗೋಲ್‌ಕೀಪರ್ ಮಾಡುವ ಅತಿ ಕಷ್ಟದ ಕೆಲಸ. ಅದಕ್ಕೆ ಅಂಕಿಅಂಶಗಳ ಪಟ್ಟಿಯಲ್ಲಿ ಒಂದು ಕಾಲಂ ಕೂಡ ಇಲ್ಲ.

ಪೆಟ್ರೋಲ್ ಬಂಕಿನ ಹುಡುಗರು

ಇಲ್ಲಿ ಒಂದು ಸಂಗತಿಯನ್ನು ಬಿಟ್ಟು ಮುಂದೆ ಹೋಗಲು ಮನಸ್ಸಾಗುವುದಿಲ್ಲ. ನ್ಯೂಕ್ಯಾಸಲ್‌ನಲ್ಲಿದ್ದ ದಿನಗಳಲ್ಲಿ ಒಂದು ರಾತ್ರಿ ಹಿಸ್ಲಾಪ್ ಹೆಂಡತಿ ಮತ್ತು ಪುಟ್ಟ ಮಗಳೊಂದಿಗೆ, ಕ್ಲಬ್ಬಿನ ಕ್ರೀಡಾಂಗಣಕ್ಕೆ ಹತ್ತಿರದಲ್ಲೇ ಇದ್ದ ಪೆಟ್ರೋಲ್ ಬಂಕಿನಲ್ಲಿ ಕಾರು ನಿಲ್ಲಿಸಿದ್ದರು. ಹುಡುಗರ ಗುಂಪೊಂದು ಅವರ ಬಣ್ಣವನ್ನು ಹಿಡಿದು ಬೈಯತೊಡಗಿತು. ಅಷ್ಟರಲ್ಲಿ ಅವರಲ್ಲೊಬ್ಬ ಆತ ಯಾರೆಂದು ಗುರುತಿಸಿದ. ಬೈಗುಳ ನಿಂತಿತು, ಅದೇ ಹುಡುಗರು ಹಸ್ತಾಕ್ಷರ ಕೇಳಿಕೊಂಡು ಬಳಿಗೆ ಬಂದರು. ಮುಂದೆ, 1996ರಲ್ಲಿ, ‘ಶೋ ರೇಸಿಸಂ ದ ರೆಡ್ ಕಾರ್ಡ್’ ಎಂಬ ಸಂಸ್ಥೆ ಹುಟ್ಟಿ ಶಾಲೆಗಳಿಗೆ ಆಟಗಾರರನ್ನು ಕರೆದೊಯ್ದು ಮಕ್ಕಳೊಂದಿಗೆ ಜನಾಂಗದ್ವೇಷದ ಬಗ್ಗೆ ಮಾತಾಡಿಸುವ ಕೆಲಸ ಆರಂಭಿಸಿತು. ಅದರ ಹಿಂದಿದ್ದ ಮೊದಲಿಗರಲ್ಲಿ ಹಿಸ್ಲಾಪ್ ಒಬ್ಬರು, ಇಂದಿಗೂ ಅದರ ಜೊತೆ ಅವರ ಹೆಸರಿದೆ.

ಗೋಲ್‌ಕೀಪರ್ ಆಗಿರುವುದಕ್ಕೂ ಈ ಘಟನೆಗೂ ಸಂಬಂಧವಿದೆಯೆಂದು ನನಗನಿಸುತ್ತದೆ. ಗೋಲಿನ ಹಿಂದಿನ ಗ್ಯಾಲರಿಗೆ ಬೆನ್ನು ಕೊಟ್ಟು ತೊಂಬತ್ತು ನಿಮಿಷ ನಿಲ್ಲುವ ಆಟಗಾರ ಗೋಲ್‌ಕೀಪರ್ ಒಬ್ಬನೇ. ಉಳಿದವರು ಓಡಿಹೋಗಬಲ್ಲರು, ಅವನ ಕಿವಿಗೆ ಪ್ರತಿಯೊಂದು ಮಾತೂ ಬೀಳುತ್ತದೆ, ಅವನು ಅಲ್ಲಿಂದ ಕದಲುವಂತಿಲ್ಲ. ಪೆಟ್ರೋಲ್ ಬಂಕಿನಲ್ಲಿ ಅವರು ಮಾಡಿದ್ದು ಏನೆಂದು ನೋಡಿದರೆ, ಆ ಹುಡುಗರನ್ನು ಅಲ್ಲೇ ಬಿಟ್ಟು ಹೋಗದೆ ಅವರ ಶಾಲೆಗಳಿಗೇ ಹೋದರು.

1998ರಲ್ಲಿ ಇಂಗ್ಲೆಂಡ್ ತಂಡಕ್ಕೂ ಅವರಿಗೆ ಕರೆ ಬಂದಿತ್ತು. ಹುಟ್ಟಿದ್ದು ಲಂಡನ್ನಿನಲ್ಲಾದ್ದರಿಂದ ಅದಕ್ಕೆ ಅಡ್ಡಿಯಿರಲಿಲ್ಲ. ಹಿರಿಯರ ತಂಡದ ಪರ ಅಂಗಳಕ್ಕಿಳಿಯುವ ಅವಕಾಶ ಬರಲಿಲ್ಲ. ಮರುವರ್ಷ ಅವರು ಟ್ರಿನಿಡಾಡ್ ಪರ ಆಡತೊಡಗಿದರು.

ಜ್ಯಾಕ್ ನಿಲ್ಲಬೇಕಿದ್ದ ಜಾಗ

ಈಗ ಕೆಲ್ವಿನ್ ಜ್ಯಾಕ್ ಅವರ ಮಾತಿಗೆ ಬರೋಣ. ಸ್ಕಾಟ್ಲೆಂಡಿನ ಡಂಡೀ ಕ್ಲಬ್‌ನಲ್ಲಿ ಆಡುತ್ತಿದ್ದ ಅವರು ಹಿಸ್ಲಾಪ್‌ಗಿಂತ ಏಳು ವರ್ಷ ಚಿಕ್ಕವರು. 2005ರ ನವೆಂಬರ್ 16ರಂದು ಬಹರೇನ್‌ನ ಮನಾಮಾದಲ್ಲಿ ವಿಶ್ವಕಪ್‌ನ ಕೊನೆಯ ಅರ್ಹತಾ ಪಂದ್ಯ ನಡೆದಾಗ ಗೋಲಿನಲ್ಲಿದ್ದವರು ಅವರು. ತವರಿನಲ್ಲಿ ಮೊದಲ ಪಂದ್ಯ 1–1 ಆಗಿತ್ತು. ಇಲ್ಲಿ ದ್ವಿತೀಯಾರ್ಧದ ಆರಂಭದಲ್ಲಿ ಯಾರ್ಕ್ ಕಳಿಸಿದ ಕಾರ್ನರ್ ಚೆಂಡನ್ನು ರೆಕ್ಸಮ್ ಕ್ಲಬ್‌ನ ಎತ್ತರದ ಡೆನಿಸ್ ಲಾರೆನ್ಸ್ ತಲೆಯಿಂದ ಗೋಲಿಗೆ ತಳ್ಳಿದರು. ಪಂದ್ಯ ಮುಗಿಯುತ್ತ ಬಂದಾಗ, ಜ್ಯಾಕ್ ಹಿಡಿದಿದ್ದ ಚೆಂಡನ್ನು ಮುಂದಕ್ಕೆ ಕಳಿಸಲು ಹೊರಟಿದ್ದಂತೆ ಬಹರೇನ್ ಆಟಗಾರನೊಬ್ಬ ಅದನ್ನು ಕಾಲಿನಿಂದ ಕಸಿದು ಗೋಲಿಗೆ ಹೊಡೆದುಬಿಟ್ಟ. ಕ್ರೀಡಾಂಗಣ ಸಿಡಿದೆದ್ದಿತು. ಕೊಲಂಬಿಯಾದ ರೆಫ್ರಿ ಆಸ್ಕರ್ ರೂಯಿಜ್ ಗೋಲು ಕೊಡಲಿಲ್ಲ; ಬಹರೇನ್ ಆಟಗಾರರು ಅವರನ್ನು ಮುತ್ತಿಕೊಂಡರು. ಒಂದು ವೇಳೆ ಗೋಲು ಕೊಟ್ಟಿದ್ದರೆ ಜ್ಯಾಕ್ ಇನ್ನೊಬ್ಬ ಮಾರಿಸ್ ಆಗುತ್ತಿದ್ದರು. ಕೊಡಲಿಲ್ಲವಾದ್ದರಿಂದ, ಅಲ್ಲಿಯವರೆಗೆ ವಿಶ್ವಕಪ್‌ಗೆ ಬಂದ ದೇಶಗಳಲ್ಲೇ ಅತಿ ಕಡಿಮೆ ಜನಸಂಖ್ಯೆಯ ದೇಶದ ಗೋಲ್‌ಕೀಪರ್ ಆದರು.

ಹೀಗೆ ತಂಡವನ್ನು ತಂದವರು ಡಾರ್ಟ್‌ಮಂಡ್‌ನಲ್ಲಿ, ದೇಶದ ಮೊತ್ತಮೊದಲ ವಿಶ್ವಕಪ್ ಪಂದ್ಯಕ್ಕೆ ಕೆಲವೇ ನಿಮಿಷ ಮುಂಚೆ, ಕುಂಟುತ್ತ ಒಳಗೆ ಹೋದರು. ಪಟ್ಟಿಯಲ್ಲಿ ಅವರ ಹೆಸರು ಹೋಗಿ ಹಿಸ್ಲಾಪ್ ಹೆಸರು ಬಂತು. ಆಡುವವನಿಗೆ ಪಂದ್ಯದ ಹಿಂದಿನ ರಾತ್ರಿಯಿಂದಲೇ ಮನಸ್ಸು ತಯಾರಾಗುತ್ತದೆ, ಎದುರಿನವರ ಹೊಡೆತಗಳನ್ನು ಮನಸ್ಸಿನಲ್ಲೇ ತಡೆದು ಮುಗಿಸಿರುತ್ತಾನೆ. ಬೆಂಚಿಗೆ ಹೋಗಬೇಕಾದವನಿಗೆ ಆ ರಾತ್ರಿ ಇರುವುದಿಲ್ಲ. ಸೋಜಿಗವೆಂದರೆ ಎದುರಿನ ಗೋಲಿನಲ್ಲಿದ್ದವರೂ ಬದಲಿಯೇ. ಸ್ವೀಡನ್ನಿನ ಮೊದಲ ಕೀಪರ್ ಆಂಡ್ರಿಯಾಸ್ ಇಸಾಕ್ಸನ್ ಅವರ ಮುಖಕ್ಕೆ ಕೆಲ ದಿನಗಳ ಹಿಂದೆ ಅಭ್ಯಾಸದ ವೇಳೆ ಕಿಮ್ ಕಾಲ್‌ಸ್ಟ್ರಾಮ್ ಹೊಡೆದ ಚೆಂಡು ಬಡಿದು ತಲೆಗೆ ಪೆಟ್ಟಾಗಿತ್ತು. ಅವರ ಜಾಗದಲ್ಲಿ ನಿಂತ ರಾಮಿ ಶಾಬಾನ್‌ಗೆ ಅದು ದೇಶದ ಪರ ಎರಡನೆಯ ಪಂದ್ಯ. ಶಾಬಾನ್ ಕೂಡ ಒಂದು ಕಾಲದಲ್ಲಿ ಆರ್ಸೆನಲ್ ಸೇರಿ, ಕೆಲವೇ ಪಂದ್ಯ ಆಡುವಷ್ಟರಲ್ಲಿ ಕಾಲು ಮುರಿದುಕೊಂಡು ಅಲ್ಲಿನ ಜಾಗ ಕಳೆದುಕೊಂಡವರು. ವಿಶ್ವಕಪ್‌ನ ಒಂದು ಪಂದ್ಯದ ಎರಡೂ ತುದಿಗಳಲ್ಲಿ, ಬೇರೆಯವರಿಗೆ ಮೀಸಲಾಗಿದ್ದ ಜಾಗದಲ್ಲಿ, ಇಬ್ಬರು ನಿಂತಿದ್ದರು. ಇಬ್ಬರೂ ಗೋಲು ಬಿಡಲಿಲ್ಲ.

ಆಟದ ವಿವರಗಳೂ ಚೆನ್ನಾಗಿವೆ. ಸ್ವೀಡನ್ನಿನ ಮುಂಚೂಣಿಯಲ್ಲಿ ಇಬ್ರಾಹಿಮೊವಿಚ್, ಲಾರ್ಸನ್, ಯೂಂಗ್‌ಬೆರಿ. ಇತ್ತ ಪೋರ್ಟ್ ವೇಲ್, ಜಿಲ್ಲಿಂಗ್‌ಹ್ಯಾಮ್, ರೆಕ್ಸಮ್ ಮೊದಲಾದ ಸಣ್ಣ ಕ್ಲಬ್‌ಗಳಿಂದ ಬಂದವರು. ವಿರಾಮದ ನಂತರ ಒಂದೇ ನಿಮಿಷಕ್ಕೆ ಟ್ರಿನಿಡಾಡ್‌ನ ಏವರಿ ಜಾನ್ ಎರಡನೆಯ ಹಳದಿ ಕಾರ್ಡ್ ಪಡೆದು ಹೊರಗೆ ಹೋದರು. ಹತ್ತು ಮಂದಿಯಾದ ತಂಡದ ಕೋಚ್ ಸಾಮಾನ್ಯವಾಗಿ ಡಿಫೆಂಡರ್ ಒಬ್ಬನನ್ನು ಇಳಿಸುತ್ತಾನೆ. ಆದರೆ ಟ್ರಿನಿಡಾಡ್ ಕೋಚ್, ಹಾಲೆಂಡಿನ ಲಿಯೋ ಬೇನ್‌ಹಾಕರ್ ಫಾರ್ವರ್ಡ್ ಆಟಗಾರ ಕಾರ್ನೆಲ್ ಗ್ಲೆನ್ ಅವರನ್ನು ಇಳಿಸಿದರು, ಗ್ಲೆನ್ ಹೊಡೆದ ಚೆಂಡು ಅಡ್ಡಪಟ್ಟಿಗೆ ಬಡಿದು ಸಿಡಿಯಿತು. ಅದು ಸ್ವಲ್ಪ ಕೆಳಗಿದ್ದರೆ ನಾವೆಲ್ಲ ಇಂದು ಗ್ಲೆನ್ ಬಗ್ಗೆ ಬರೆಯುತ್ತಿದ್ದೆವು. ಹಿಸ್ಲಾಪ್ ತಡೆದ ಚೆಂಡುಗಳಲ್ಲಿ ನಾನು ಮತ್ತೆ ಮತ್ತೆ ನೋಡುವುದು ಮಾರ್ಕಸ್ ಆಲ್‌ಬ್ಯಾಕ್ ಅವರ ಹೊಡೆತವನ್ನು. ಬಹಳ ಹತ್ತಿರದಿಂದ ಬಂದ ಹೊಡೆತ. ಕೀಪರ್ ಅಷ್ಟರಲ್ಲಾಗಲೇ ಮುಂದೆ ಬಂದು ಮೈಯನ್ನು ಹರಡಿ ಗೋಲನ್ನು ಚಿಕ್ಕದು ಮಾಡಿದ್ದಾರೆ. ಅದು ಪ್ರತಿಕ್ರಿಯೆಯ ಚುರುಕಿಗಿಂತ ನಿಂತ ಜಾಗದ ಲೆಕ್ಕಾಚಾರದ ಫಲ. ಆರಡಿ ನಾಲ್ಕಂಗುಲದ ಆ ಎಂಜಿನಿಯರ್ ಕೋನಗಳನ್ನು ಅಳೆದೇ ನಿಂತಿದ್ದಾರೆಂದು ನನಗೆ ಪ್ರತಿಸಲವೂ ಅನಿಸುತ್ತದೆ.

ಐದು ದಿನಗಳ ನಂತರ ನ್ಯೂರೆಂಬರ್ಗ್‌ನಲ್ಲಿ ಇಂಗ್ಲೆಂಡಿಗೂ 83ನೆಯ ನಿಮಿಷದವರೆಗೆ ಗೋಲು ಸಿಗಲಿಲ್ಲ. ಪೀಟರ್ ಕ್ರೌಚ್ ಆಗ ತಲೆಯಿಂದ ಹೊಡೆದ ಗೋಲಿನಲ್ಲಿ ಅವರು ಡಿಫೆಂಡರ್ ಬ್ರೆಂಟ್ ಸ್ಯಾಂಚೊ ಅವರ ಜಡೆಗೂದಲನ್ನು ಹಿಡಿದು ಎಳೆಯುತ್ತಿರುವುದು ಚಿತ್ರದಲ್ಲಿ ಸ್ಪಷ್ಟವಾಗಿ ಕಾಣುತ್ತದೆ, ರೆಫ್ರಿಗೆ ಕಾಣಲಿಲ್ಲ. ಕೊನೆಯಲ್ಲಿ ಜೆರಾರ್ಡ್ ಇನ್ನೊಂದು ಹೊಡೆದರು. ಒಂದೇ ತಿಂಗಳ ಅಂತರದಲ್ಲಿ ಹಿಸ್ಲಾಪ್ ಅವರಿಗೆ ಜೆರಾರ್ಡ್ ದೂರದಿಂದ ಹೊಡೆಯುವುದನ್ನು ನೋಡುವ ಯೋಗ ಎರಡನೆಯ ಸಲ ಬಂದಿತ್ತು.

ಹಣದ ಮಾತು

ತಂಡಕ್ಕೆ ದ್ವೀಪದಲ್ಲಿ ರಜೆ ಘೋಷಣೆಯಿಂದ ಹಿಡಿದು ಮೆರವಣಿಗೆಯವರೆಗೆ ಎಲ್ಲವೂ ಸಿಕ್ಕಿತು, ಒಪ್ಪಿಕೊಂಡಿದ್ದ ಬೋನಸ್ ಹೊರತಾಗಿ. ವಿಶ್ವಕಪ್‌ನಿಂದ ಬಂದ ವಾಣಿಜ್ಯ ಆದಾಯದಲ್ಲಿ ಪಾಲು ಕೊಡುವುದಾಗಿ ಮಾತಾಗಿತ್ತು. ಕೊನೆಗೆ ಫೆಡರೇಷನ್ ಆಟಗಾರರ ಮುಂದಿಟ್ಟ ಮೊತ್ತ ತಲೆಗೆ 500 ಪೌಂಡನ್ನೂ ಮುಟ್ಟುತ್ತಿರಲಿಲ್ಲ. ಹಿಸ್ಲಾಪ್, ಜ್ಯಾಕ್ ಮೊದಲಾದ ಆಟಗಾರರು ಲಂಡನ್ನಿನಲ್ಲಿ ಮಧ್ಯಸ್ಥಿಕೆ ಸಮಿತಿಯ ಮುಂದೆ ಹೋದರು. 2008ರಲ್ಲಿ ತೀರ್ಪು ಆಟಗಾರರ ಪರವಾಗಿ ಬಂತು, ಆದರೂ ವ್ಯಾಜ್ಯ ವರ್ಷಗಟ್ಟಲೆ ಎಳೆಯಿತು. ದೇಶದ ಪರ ಆಡಿದವರೇ ದೇಶದ ಫುಟ್‌ಬಾಲ್ ಆಡಳಿತದ ವಿರುದ್ಧ ಪರದೇಶದಲ್ಲಿ ನ್ಯಾಯ ಕೇಳಬೇಕಾಯಿತು. ಒಂದೇ ಜಾಗಕ್ಕೆ ಪೈಪೋಟಿ ನಡೆಸಿದ ಇಬ್ಬರು ಕೀಪರ್‌ಗಳು ಈ ಹೋರಾಟದಲ್ಲಿ ಒಂದೇ ಕಡೆ ನಿಂತಿದ್ದರು.

ಹಿಸ್ಲಾಪ್ ಆಮೇಲೆ ಅಮೆರಿಕದ ಎಫ್‌ಸಿ ಡಲ್ಲಾಸ್‌ನಲ್ಲಿ ಸ್ವಲ್ಪ ಕಾಲ ಇದ್ದು ಆಟ ಬಿಟ್ಟರು, ಇಎಸ್‌ಪಿಎನ್‌ನಲ್ಲಿ ವಿಶ್ಲೇಷಕರಾದರು. ಅವರ ಹೆಸರು ಹೇಳಿದರೆ ಇಂದಿನ ಹುಡುಗರು ಟಿವಿಯ ಆ ಸಮಾಧಾನದ ದನಿಯನ್ನು ನೆನೆಯುತ್ತಾರೆ. ಜ್ಯಾಕ್ ವಿಶ್ವಕಪ್ ಮುಗಿದ ಮೇಲೆ ಇಂಗ್ಲೆಂಡಿನ ಜಿಲ್ಲಿಂಗ್‌ಹ್ಯಾಮ್ ಸೇರಿದರು.

ಆದರೆ ಜ್ಯಾಕ್ ಅವರಿಗೂ ವಿಶ್ವಕಪ್‌ನಲ್ಲಿ ಒಂದು ಪಂದ್ಯ ಸಿಕ್ಕಿತು. ಇದನ್ನು ಬಹಳ ಮಂದಿ ಮರೆತಿದ್ದಾರೆ. ಜೂನ್ 20ರಂದು ಕೈಸರ್ಸ್‌ಲಾಟರ್ನ್‌ನಲ್ಲಿ ಪರಾಗ್ವೆ ವಿರುದ್ಧದ ಕೊನೆಯ ಪಂದ್ಯದಲ್ಲಿ ಗೋಲಿನಲ್ಲಿ ನಿಂತವರು ಅವರು. ಮೊದಲ ಗೋಲು ಬಿದ್ದದ್ದು ಸ್ಯಾಂಚೊ ಅವರಿಗೆ ತಾಗಿ ಒಳಗೆ ಹೋದ ಚೆಂಡಿನಿಂದ, ಎರಡನೆಯದು ಪಂದ್ಯ ಮುಗಿಯುತ್ತ ಬಂದಾಗ. 0–2ರಿಂದ ಸೋತು ತಂಡ ಮನೆಗೆ ಹೊರಟಿತು. ಆ ಪಂದ್ಯದ ತುಣುಕುಗಳನ್ನು ಹುಡುಕಿದರೆ ಪರಾಗ್ವೆಯ ಗೋಲುಗಳು ಮಾತ್ರ ಸಿಗುತ್ತವೆ. ಜ್ಯಾಕ್ ತಡೆದ ಚೆಂಡುಗಳನ್ನು ನೋಡಬೇಕೆಂದರೆ ಇಡೀ ತೊಂಬತ್ತು ನಿಮಿಷ ಕುಳಿತು ನೋಡಬೇಕು.